10ನೇ ವಯಸ್ಸಿಗೆ ತಂದೆ ಇಲ್ಲ, 18ಕ್ಕೆ ರಾಜ್ಯಭಾರ: ನಾಲ್ವಡಿಯವರ ಕೈಹಿಡಿದ ಮನೆ

ಮೈಸೂರು, ಮಂಡ್ಯ ಕಡೆ ಯಾವ ಅಂಗಡಿಗೆ ಹೋದರೂ ಗಲ್ಲಾಪೆಟ್ಟಿಗೆ ಮೇಲ್ಗಡೆ ದೇವರ ಫೋಟೊ ಜತೆ ನಾಲ್ವಡಿ ಕೃಷ್ಣರಾಜ ಒಡೆಯರ್ ಅವರ ಫೋಟೊ ಇದ್ದೇ ಇರುತ್ತೆ. ಪಕ್ಕದಲ್ಲಿ ವಿಶ್ವೇಶ್ವರಯ್ಯನವರೂ ಇರುತ್ತಾರೆ. ಕನ್ನಂಬಾಡಿ ಕಟ್ಟೆ, ಮೈಸೂರು ವಿಶ್ವವಿದ್ಯಾಲಯ, ಕರೆಂಟು, ಆಸ್ಪತ್ರೆ ಅಂತ ಅವರ ಕಾಲದ ಕೆಲಸಗಳ ಪಟ್ಟಿ ಶಾಲೆ ಮಕ್ಕಳಿಗೂ ಬಾಯಿಪಾಠ. ಆದರೆ ಆ ಪೇಟ ಕಟ್ಟಿದ ಗಂಭೀರ ಮುಖದ ಹಿಂದೆ ಒಬ್ಬ ಹುಡುಗ ಇದ್ದ. 10 ವರ್ಷ ಆರು ತಿಂಗಳಿಗೆ ತಂದೆಯನ್ನು ಕಳೆದುಕೊಂಡ, 12ನೇ ವಯಸ್ಸಿಗೆ ಹುಟ್ಟಿ ಬೆಳೆದ ಮನೆ ಬೆಂಕಿಗೆ ಸುಟ್ಟು ಹೋಗಿದ್ದನ್ನು ಕಂಡ ಹುಡುಗ. ಆ ಕಥೆ ಅಷ್ಟಾಗಿ ಯಾರೂ ಹೇಳುವುದಿಲ್ಲ.

ಮನೆ ಯಜಮಾನ ಇದ್ದಕ್ಕಿದ್ದಂತೆ ತೀರಿಕೊಂಡರೆ ಆ ಮನೆ ಮಕ್ಕಳ ಗತಿ ಏನು ಅನ್ನುವ ಪ್ರಶ್ನೆ ಅರಮನೆಗೂ ಒಂದೇ, ಗುಡಿಸಲಿಗೂ ಒಂದೇ. ಅರಮನೆಯಲ್ಲಿ ದುಡ್ಡಿನ ಚಿಂತೆ ಇರಲಿಲ್ಲ, ನಿಜ. ಆದರೆ ಅಪ್ಪ ಇಲ್ಲದ ಜಾಗ ದುಡ್ಡಿನಿಂದ ತುಂಬುವಂಥದ್ದಲ್ಲ. ಆ ಜಾಗವನ್ನು ಮೈಸೂರಿನ ಆ ಮನೆ ಹೇಗೆ ನಿಭಾಯಿಸಿತು ಅನ್ನುವುದು ಇವತ್ತಿಗೂ ತಿಳಿದುಕೊಳ್ಳಬೇಕಾದ ವಿಷಯ.

ಕಲ್ಕತ್ತೆಯಲ್ಲಿ ಬಂದೆರಗಿದ ಸಾವು

ನಾಲ್ವಡಿಯವರು ಹುಟ್ಟಿದ್ದು 1884ರ ಜೂನ್ 4ರಂದು. ತಂದೆ ಚಾಮರಾಜೇಂದ್ರ ಒಡೆಯರ್, ತಾಯಿ ಕೆಂಪನಂಜಮ್ಮಣ್ಣಿ. ತಾಯಿಯವರದು ನಂಜನಗೂಡು ಸೀಮೆಯ ಕಳಲೆ ಅರಸು ಮನೆತನ. ಒಟ್ಟು ಐವರು ಮಕ್ಕಳು: ಜಯಲಕ್ಷ್ಮಮ್ಮಣ್ಣಿ, ಕೃಷ್ಣಾಜಮ್ಮಣ್ಣಿ, ಚೆಲುವಾಜಮ್ಮಣ್ಣಿ ಎಂಬ ಮೂವರು ಹೆಣ್ಣುಮಕ್ಕಳು, ಕೃಷ್ಣರಾಜ ಮತ್ತು ಕಂಠೀರವ ನರಸಿಂಹರಾಜ ಎಂಬ ಇಬ್ಬರು ಗಂಡುಮಕ್ಕಳು.

1894ರ ಕೊನೆಯಲ್ಲಿ ಚಾಮರಾಜೇಂದ್ರ ಒಡೆಯರ್ ಉತ್ತರ ಭಾರತದ ಪ್ರವಾಸದಲ್ಲಿದ್ದರು. ಕಲ್ಕತ್ತೆಯಲ್ಲಿ ಗಂಟಲಮಾರಿ ಅಂಟಿಕೊಂಡಿತು. ಈಗ ಡಿಫ್ತೀರಿಯಾ ಅಂತ ಮಕ್ಕಳಿಗೆ ಸೂಜಿ ಹಾಕಿಸಿ ತಡೆಯುತ್ತೇವಲ್ಲ, ಅದೇ ಕಾಯಿಲೆ. ಡಿಸೆಂಬರ್ 28ರಂದು ಅವರು ತೀರಿಕೊಂಡರು. ವಯಸ್ಸು ಬರೀ 31. ಅಂತ್ಯಕ್ರಿಯೆಯೂ ಅಲ್ಲೇ, ಊರಿಂದ ಬಹಳ ದೂರದಲ್ಲಿ ನಡೆದುಹೋಯಿತು.

ಹಿರಿಯ ಮಗನಿಗೆ ಹತ್ತೂವರೆ ವರ್ಷ. ಕಿರಿಯ ಮಗನಿಗೆ ಆರು. ತಾಯಿಗೆ 28ರ ಆಸುಪಾಸು. 1878ರಲ್ಲಿ ಮದುವೆಯಾಗಿ ಬಂದಾಗ ಆಕೆಗೆ ಸುಮಾರು 12 ವರ್ಷ. ಹದಿನಾರು ವರ್ಷದ ದಾಂಪತ್ಯ ಹೀಗೆ ಮುಗಿದಿತ್ತು.

ಎರಡೇ ತಿಂಗಳೊಳಗೆ, 1895ರ ಫೆಬ್ರವರಿ 1ರಂದು, ಆ ಹುಡುಗನನ್ನು ಸಿಂಹಾಸನದ ಮೇಲೆ ಕೂರಿಸಲಾಯಿತು. ಅಪ್ಪನ ಸೂತಕ ಕಳೆದು ಇನ್ನೂ ಎಷ್ಟು ದಿನ ಆಗಿತ್ತು? ಅಷ್ಟರಲ್ಲೇ ದರ್ಬಾರು, ಕೈಮುಗಿಯುವ ಜನ, ಮಹಾಸ್ವಾಮಿ ಎಂಬ ಕರೆ. ಅಪ್ಪನ ಕೆಲಸ ಮಗನ ಹೆಗಲಿಗೆ ಬೀಳುವುದು ಅಂದರೆ ಇದೇ. ಅಂಗಡಿ ಯಜಮಾನ ಹೋದ ಮನೆಯಲ್ಲಿ ಓದುವ ಹುಡುಗ ಗಲ್ಲಾ ಮೇಲೆ ಬಂದು ಕೂರುವುದನ್ನು ಕಂಡವರಿಗೆ ಇದು ಹೊಸದಲ್ಲ.

ಆ ಮನೆಗೆ ಇದು ಮೊದಲಲ್ಲ

ವಿಚಿತ್ರ ನೋಡಿ, ಮೈಸೂರು ಅರಮನೆಯಲ್ಲಿ ಅಪ್ಪನಿಲ್ಲದ ಮಗು ಪಟ್ಟಕ್ಕೆ ಬಂದಿದ್ದು ಇದು ಮೊದಲ ಸಲ ಅಲ್ಲ. ಮುಮ್ಮಡಿ ಕೃಷ್ಣರಾಜ ಒಡೆಯರ್ ಹುಟ್ಟಿದ್ದು 1794ರಲ್ಲಿ. ಎರಡು ವರ್ಷ ತುಂಬುವ ಹೊತ್ತಿಗೆ ತಂದೆ ಇರಲಿಲ್ಲ. 1799ರಲ್ಲಿ ಟಿಪ್ಪು ಸುಲ್ತಾನರ ಮರಣದ ನಂತರ ಅವರನ್ನು ಪಟ್ಟಕ್ಕೆ ಕೂರಿಸಿದಾಗ ಇನ್ನೂ ಐದು ವರ್ಷ. ಅಜ್ಜಿಯ ಸ್ಥಾನದಲ್ಲಿದ್ದ ಮಹಾರಾಣಿ ಲಕ್ಷ್ಮಮ್ಮಣ್ಣಿಯವರೇ ಅವರಿಗೆ ಆಸರೆ.

ಮುಮ್ಮಡಿಯವರಿಗೆ ವಾರಸುದಾರ ಮಗ ಇರಲಿಲ್ಲ. 1865ರಲ್ಲಿ ಬೆಟ್ಟದಕೋಟೆ ಅರಸು ಮನೆತನದಿಂದ ಎರಡು ವರ್ಷದ ಕೂಸನ್ನು ದತ್ತು ತಗೊಂಡರು. ಅದೇ ಚಾಮರಾಜೇಂದ್ರ. ಹೆತ್ತ ಮನೆ ಬಿಟ್ಟು ಅರಮನೆಗೆ ಬಂದ ಆ ಮಗುವಿಗೆ ಐದು ವರ್ಷ ಆಗುವಷ್ಟರಲ್ಲಿ, 1868ರ ಮಾರ್ಚ್‌ನಲ್ಲಿ, ಸಾಕುತಂದೆಯೂ ತೀರಿಕೊಂಡರು. ಆಗ ರಾಜ್ಯ ಬ್ರಿಟಿಷರ ಕೈಲಿತ್ತು. ಹುಡುಗನ ವಿದ್ಯಾಭ್ಯಾಸವನ್ನು ಕರ್ನಲ್ ಮ್ಯಾಲ್ಲಿಸನ್ ಎಂಬ ಅಧಿಕಾರಿ ನೋಡಿಕೊಂಡರು. 18 ತುಂಬಿದ ಮೇಲೆ, 1881ರ ಮಾರ್ಚ್ 25ರಂದು, ರಾಜ್ಯ ವಾಪಸ್ ಸಿಕ್ಕಿತು.

ಅಂದರೆ ಮೂರು ತಲೆಮಾರು, ಮೂರು ಎಳೆಯ ಮಕ್ಕಳು, ಮೂರು ಥರದ ಮನೆ. ಒಬ್ಬರನ್ನು ಅಜ್ಜಿ ಬೆಳೆಸಿದರು, ಇನ್ನೊಬ್ಬರು ದತ್ತು ಬಂದ ಮನೆಯಲ್ಲಿ ಬೆಳೆದರು, ಮತ್ತೊಬ್ಬರನ್ನು ತಾಯಿ ಬೆಳೆಸಿದರು. ಅಪ್ಪ, ಅಮ್ಮ, ಮಕ್ಕಳು ಇದ್ದರೆ ಮಾತ್ರ ಸಂಸಾರ, ಉಳಿದದ್ದೆಲ್ಲ ಹರಿದ ಸಂಸಾರ ಅನ್ನುವವರು ಈ ಮನೆಯ ವಂಶಾವಳಿ ಒಮ್ಮೆ ನೋಡಬೇಕು.

ಮೂಲೆಗೆ ಕೂರದ ತಾಯಿ

ಆ ಕಾಲದಲ್ಲಿ ಗಂಡ ಸತ್ತ ಹೆಣ್ಣಿನ ಪಾಡು ಏನು ಅಂತ ಬಿಡಿಸಿ ಹೇಳಬೇಕಿಲ್ಲ. ಶುಭಕಾರ್ಯಕ್ಕೆ ಇಲ್ಲ, ಎದುರಿಗೆ ಬರುವ ಹಾಗಿಲ್ಲ, ಹಿತ್ತಲ ಕೋಣೆಯೇ ಗತಿ. ಮಕ್ಕಳ ವಿಷಯದಲ್ಲೂ ತೀರ್ಮಾನ ತೆಗೆದುಕೊಳ್ಳುವವರು ದಾಯಾದಿಗಳು. ಅರಮನೆ ಹೆಂಗಸರಿಗೆ ಇದರ ಮೇಲೆ ಗೋಷಾ ಬೇರೆ.

ಮೈಸೂರಿನಲ್ಲಿ ಹಾಗಾಗಲಿಲ್ಲ. ಮಗ ಪ್ರಾಯಕ್ಕೆ ಬರುವ ತನಕ ಕೆಂಪನಂಜಮ್ಮಣ್ಣಿಯವರನ್ನೇ ರೀಜೆಂಟ್ ಮಾಡಲಾಯಿತು. ವಾಣಿವಿಲಾಸ ಸನ್ನಿಧಾನ ಎಂಬ ಹೆಸರಲ್ಲಿ ಅವರು ರಾಜ್ಯ ನಡೆಸಿದರು. ಮೊದಮೊದಲು ದಿವಾನ್ ಶೇಷಾದ್ರಿ ಅಯ್ಯರ್ ಹಾಗೂ ಅವರ ಜತೆಗಿನ ಕೌನ್ಸಿಲ್ ಸಹಾಯಕ್ಕಿತ್ತು. 1901ರಲ್ಲಿ ಅಯ್ಯರ್ ನಿವೃತ್ತರಾಗಿ ಅದೇ ವರ್ಷ ತೀರಿಕೊಂಡರು. ಆಮೇಲೂ ರಾಜ್ಯಭಾರ ನಿಲ್ಲಲಿಲ್ಲ. 1895ರಿಂದ 1902ರ ಆಗಸ್ಟ್‌ವರೆಗೆ, ಏಳೂವರೆ ವರ್ಷ, ಆಕೆ ಹೊಣೆ ಹೊತ್ತರು.

ಆ ಏಳೂವರೆ ವರ್ಷ ಸುಲಭದ್ದೂ ಆಗಿರಲಿಲ್ಲ. 1898ರಲ್ಲಿ ಪ್ಲೇಗು ಮೈಸೂರು, ಬೆಂಗಳೂರು ಎರಡನ್ನೂ ನಡುಗಿಸಿತು. ಅದೇ ವರ್ಷ ಹಿರಿಯೂರು ಬಳಿ ಮಾರಿಕಣಿವೆ ಅಣೆಕಟ್ಟಿನ ಕೆಲಸ ಶುರುವಾಯಿತು. ಅದಕ್ಕೆ ವಾಣಿವಿಲಾಸ ಸಾಗರ ಅಂತ ಹೆಸರು ಬಂದಿದ್ದು ಈ ತಾಯಿಯಿಂದಲೇ. ಶಿವನಸಮುದ್ರದಲ್ಲಿ ಕಾವೇರಿ ನೀರಿನಿಂದ ಕರೆಂಟು ಹುಟ್ಟಿಸಿ 1902ರಲ್ಲಿ ಕೋಲಾರದ ಚಿನ್ನದ ಗಣಿಗೆ ಕಳಿಸಿದ್ದೂ ಆಕೆಯ ಆಡಳಿತದಲ್ಲೇ.

ಇಲ್ಲಿ ಗಮನಿಸಬೇಕಾದ್ದು ಅಣೆಕಟ್ಟಿನ ಎತ್ತರ ಅಲ್ಲ. ಬೆಳೆಯುತ್ತಿದ್ದ ಐದು ಮಕ್ಕಳ ಕಣ್ಣೆದುರಿಗೆ ಅವರ ತಾಯಿ ಮೂಲೆ ಹಿಡಿಯಲಿಲ್ಲ. ಅಪ್ಪ ಹೋದ ಮೇಲೆ ಮನೆಯಲ್ಲಿ ದಿಕ್ಕು ತೋರಿಸುವವರು ಯಾರು ಅನ್ನುವ ಗೊಂದಲ ಆ ಮಕ್ಕಳಿಗೆ ಉಳಿಯಲಿಲ್ಲ. ದೊಡ್ಡವರೊಬ್ಬರು ಗಟ್ಟಿಯಾಗಿ ನಿಂತಿದ್ದಾರೆ ಅಂತ ಗೊತ್ತಾದರೆ ಮಗುವಿಗೆ ಅರ್ಧ ಭಯ ಹೋಗುತ್ತೆ. ದೊಡ್ಡವರೇ ಜಗಳಕ್ಕೆ ಬಿದ್ದರೆ, ಅಥವಾ ತಾಯಿಗೆ ಬೆಲೆ ಇಲ್ಲ ಅಂತ ಮಗುವಿಗೆ ಕಂಡರೆ, ದುಃಖ ಎರಡು ಪಾಲಾಗುತ್ತೆ.

ಮದುವೆ ಮನೆಗೆ ಬಿದ್ದ ಬೆಂಕಿ

ಒಂದು ಕಷ್ಟ ಮುಗೀತು ಅನ್ನುವಷ್ಟರಲ್ಲಿ ಇನ್ನೊಂದು. 1897ರ ಫೆಬ್ರವರಿಯಲ್ಲಿ ಹಿರಿಯ ಮಗಳು ಜಯಲಕ್ಷ್ಮಮ್ಮಣ್ಣಿಯ ಮದುವೆ. ತಂದೆ ಹೋದ ಮೇಲೆ ಮನೆಯಲ್ಲಿ ನಡೆದ ದೊಡ್ಡ ಶುಭಕಾರ್ಯ. ವರ ಕಾಂತರಾಜ ಅರಸು, ಕೆಂಪನಂಜಮ್ಮಣ್ಣಿಯವರ ಸ್ವಂತ ತಮ್ಮ. ಸೋದರಮಾವನಿಗೆ ಹೆಣ್ಣು ಕೊಡುವುದು ಈ ಕಡೆಯ ಹಳೆಯ ಪದ್ಧತಿ ತಾನೆ.

ಆ ಮದುವೆಯ ಸಂದರ್ಭದಲ್ಲೇ ಮರದ ಹಳೇ ಅರಮನೆಗೆ ಬೆಂಕಿ ಬಿತ್ತು. ಹೆಚ್ಚಿನ ಭಾಗ ಸುಟ್ಟು ಹೋಯಿತು. ಸಂಸಾರ ಜಗನ್ಮೋಹನ ಅರಮನೆಗೆ ಬಂತು. ಈಗ ದಸರೆಯಲ್ಲಿ ದೀಪ ಹಚ್ಚಿ ತೋರಿಸುವ ಅರಮನೆ ಇದೆಯಲ್ಲ, ಹೆನ್ರಿ ಇರ್ವಿನ್ ಎಂಬ ವಾಸ್ತುಶಿಲ್ಪಿಯ ನಕ್ಷೆಯಲ್ಲಿ ಅದು ಕಟ್ಟಿ ಮುಗಿದಿದ್ದು 1912ರಲ್ಲಿ. ಅಂದರೆ ನಾಲ್ವಡಿಯವರ ಹರೆಯವೆಲ್ಲ ಕಳೆದಿದ್ದು ಹುಟ್ಟಿ ಬೆಳೆದದ್ದಲ್ಲದ ಬೇರೆ ಮನೆಯಲ್ಲಿ. 1902ರ ಆಗಸ್ಟ್ 8ರಂದು ವೈಸ್‌ರಾಯ್ ಲಾರ್ಡ್ ಕರ್ಜನ್ ಬಂದು ಅವರಿಗೆ ಅಧಿಕಾರ ವಹಿಸಿದ್ದೂ ಈ ಜಗನ್ಮೋಹನದಲ್ಲೇ.

ಅಪ್ಪ ಹೋಗಿ ಎರಡು ವರ್ಷ, ಮನೆಯೂ ಹೋಯಿತು, ಅಕ್ಕನೂ ಮದುವೆಯಾಗಿ ಗಂಡನ ಮನೆಯವಳಾದಳು. 12 ವರ್ಷದ ಹುಡುಗನಿಗೆ ಒಂದರ ಹಿಂದೆ ಒಂದು ಬದಲಾವಣೆ. ಇಷ್ಟರ ಮಧ್ಯೆ ಬದಲಾಗದೆ ಉಳಿದದ್ದು ಒಂದೇ: ಪಾಠ.

ಲೋಕರಂಜನ ಮಹಲಿನ ಸಹಪಾಠಿಗಳು

ರಾಜಕುಮಾರನಿಗೆ ಒಂಟಿ ಕೋಣೆಯಲ್ಲಿ ಪಾಠ ಹೇಳಿ ಮುಗಿಸಬಹುದಿತ್ತು. ಹಾಗೆ ಮಾಡಲಿಲ್ಲ. ಲೋಕರಂಜನ ಮಹಲಿನಲ್ಲಿ ಶಾಲೆಯ ವ್ಯವಸ್ಥೆ ಆಯಿತು. ಜತೆಗೆ ಓದಲು, ಆಡಲು ಬೇರೆ ಹುಡುಗರನ್ನು ಸೇರಿಸಿದರು. 1896ರಿಂದ ಸ್ಟುಅರ್ಟ್ ಫ್ರೇಸರ್ ಎಂಬ ಐಸಿಎಸ್ ಅಧಿಕಾರಿ ಪಾಠ ಹಾಗೂ ಪಾಲನೆ ನೋಡಿಕೊಂಡರು. ಕನ್ನಡ, ಸಂಸ್ಕೃತ, ಇಂಗ್ಲಿಷ್, ಕುದುರೆ ಸವಾರಿ, ಆಟ, ಸಂಗೀತ ಎಲ್ಲಕ್ಕೂ ಹೊತ್ತು ಗೊತ್ತು. ನಾಡಿನ ಪ್ರವಾಸ ಮಾಡಿಸಿ ಆಡಳಿತದ ಪರಿಚಯವನ್ನೂ ಮಾಡಿಸಿದರು.

ಆ ಸಹಪಾಠಿಗಳಲ್ಲಿ ಒಬ್ಬ ಹುಡುಗನ ಹೆಸರು ಮಿರ್ಜಾ ಇಸ್ಮಾಯಿಲ್. ಬೆಂಗಳೂರಲ್ಲಿ ಕುದುರೆ ವ್ಯಾಪಾರ ಮಾಡಿ ಹೆಸರಾದ ಪರ್ಷಿಯಾ ಮೂಲದ ಅಲಿ ಅಸ್ಕರ್ ಅವರ ಮೊಮ್ಮಗ. ವಯಸ್ಸಿನಲ್ಲಿ ನಾಲ್ವಡಿಯವರಿಗಿಂತ ಕೆಲವೇ ತಿಂಗಳು ದೊಡ್ಡವರು. ಈ ಸ್ನೇಹ ಶಾಲೆಗೆ ಮುಗಿಯಲಿಲ್ಲ. ಮಿರ್ಜಾ ಮುಂದೆ ಮಹಾರಾಜರ ಖಾಸಗಿ ಕಾರ್ಯದರ್ಶಿಯಾದರು, 1926ರಲ್ಲಿ ದಿವಾನರಾದರು. ನಾಲ್ವಡಿಯವರು ಕಣ್ಣುಮುಚ್ಚುವವರೆಗೂ ಆ ಜಾಗದಲ್ಲೇ ಇದ್ದರು. ಹತ್ತಿಪ್ಪತ್ತು ವರ್ಷ ಅಲ್ಲ, ಹೆಚ್ಚೂ ಕಡಿಮೆ ಒಂದು ಆಯಸ್ಸಿನ ಒಡನಾಟ.

ತಂದೆ ಕಳೆದುಕೊಂಡ ಮಗುವಿಗೆ ಓರಗೆಯ ಗೆಳೆಯ ಎಷ್ಟು ದೊಡ್ಡ ಆಸರೆ ಅನ್ನುವುದಕ್ಕೆ ಇದಕ್ಕಿಂತ ಉದಾಹರಣೆ ಬೇಕಿಲ್ಲ. ಮನೆಯಲ್ಲಿ ಸಾವಾದ ಮಗುವನ್ನು ತಿಂಗಳುಗಟ್ಟಲೆ ಶಾಲೆ ಬಿಡಿಸಿ ಕೂರಿಸುವುದು, ಊರು ಬದಲಾಯಿಸಿ ನೆಂಟರ ಮನೆಗೆ ಕಳಿಸಿಬಿಡುವುದು, ಇವೆಲ್ಲ ಒಳ್ಳೇದಕ್ಕೇ ಅಂತ ದೊಡ್ಡವರು ಮಾಡುತ್ತಾರೆ. ಆದರೆ ಆ ಮಗುವಿಗೆ ಅದೇ ಬೆಂಚು, ಅದೇ ಮೇಷ್ಟ್ರು, ಅದೇ ಗೆಳೆಯ ಬೇಕಿರುತ್ತೆ.

ಸಂಗೀತವೂ ಅವರ ಕೈಬಿಡಲಿಲ್ಲ. ವೀಣೆ, ಪಿಟೀಲು, ಕೊಳಲು, ಪಿಯಾನೊ ಹೀಗೆ ಹಲವು ವಾದ್ಯ ನುಡಿಸಲು ಕಲಿತರು. ಹೆಚ್ಚು ಮಾತಾಡದ, ಪೂಜೆ ಪುನಸ್ಕಾರದಲ್ಲಿ ತೊಡಗಿರುತ್ತಿದ್ದ ಮಹಾರಾಜರು ಅಂತಲೇ ಅವರನ್ನು ಬಲ್ಲವರು ನೆನೆಸಿಕೊಂಡಿದ್ದಾರೆ. ಮಾತಿಗೆ ಸಿಗದಿದ್ದು ವಾದ್ಯಕ್ಕೆ ಸಿಕ್ಕಿರಬಹುದು.

ಒಡಹುಟ್ಟಿದವರು ಊರಲ್ಲೇ

ಮಕ್ಕಳು ದೊಡ್ಡವರಾದ ಮೇಲೂ ಈ ಮನೆ ಚದುರಲಿಲ್ಲ. ಮದುವೆಯಾದ ಅಕ್ಕತಂಗಿಯರಿಗೆ ಮೈಸೂರಲ್ಲೇ ಮಹಲುಗಳು ಎದ್ದವು. ಮಾನಸಗಂಗೋತ್ರಿಯ ಜಯಲಕ್ಷ್ಮಿ ವಿಲಾಸ ಮಹಲು ಹಿರಿಯಕ್ಕನದು. ಈಗ ಸಿಎಫ್‌ಟಿಆರ್‌ಐ ಇರುವ ಚೆಲುವಾಂಬ ಮಹಲು ಚೆಲುವಾಜಮ್ಮಣ್ಣಿಯವರದು. ಬಸ್ಸಲ್ಲಿ ಆ ಕಟ್ಟಡಗಳ ಮುಂದೆ ಹಾದು ಹೋಗುವವರಿಗೆ ಅವು ಬರೀ ಹಳೇ ಬಂಗಲೆ. ಅಪ್ಪನಿಲ್ಲದೆ ಬೆಳೆದ ಒಡಹುಟ್ಟಿದವರು ಕೂಗಳತೆಯಲ್ಲಿ ಉಳಿದದ್ದರ ಗುರುತೂ ಅವೇ.

ಅಕ್ಕನ ಗಂಡ, ಸೋದರಮಾವ ಎರಡೂ ಆಗಿದ್ದ ಕಾಂತರಾಜ ಅರಸು 1919ರಿಂದ 1922ರವರೆಗೆ ದಿವಾನರಾಗಿದ್ದರು. ತಮ್ಮ ನರಸಿಂಹರಾಜರು ಯುವರಾಜರಾಗಿ ಅಣ್ಣನ ಜತೆಗೇ ಉಳಿದರು.

ಆದರೆ ಎಲ್ಲರಿಗೂ ಒಳ್ಳೇ ದಿನ ಬರಲಿಲ್ಲ. ಕೃಷ್ಣಾಜಮ್ಮಣ್ಣಿ ಕ್ಷಯಕ್ಕೆ ತುತ್ತಾದರು. ಅವರ ಹೆಣ್ಣುಮಕ್ಕಳೂ ಅದೇ ಕಾಯಿಲೆಗೆ ಬಲಿಯಾದರು. ಆಗ ಕ್ಷಯಕ್ಕೆ ಮದ್ದು ಇರಲಿಲ್ಲ, ಅರಮನೆಗೂ ಇರಲಿಲ್ಲ. ಮೈಸೂರಿನ ಪಿಕೆಟಿಬಿ ಆಸ್ಪತ್ರೆ ಅಂತ ಎಲ್ಲರೂ ಕರೆಯುತ್ತಾರಲ್ಲ, ಅದರಲ್ಲಿ ಮೊದಲೆರಡು ಅಕ್ಷರ ಪ್ರಿನ್ಸೆಸ್ ಕೃಷ್ಣಾಜಮ್ಮಣ್ಣಿಯವರದು. ಈ ಮನೆ ತನ್ನ ದುಃಖವನ್ನು ಊರಿನ ಆಸ್ಪತ್ರೆಯಾಗಿ ಮಾಡಿತು. ಬೆಂಗಳೂರಿನ ವಾಣಿವಿಲಾಸ ಹೆರಿಗೆ ಮತ್ತು ಮಕ್ಕಳ ಆಸ್ಪತ್ರೆಗೆ ಇರುವುದು ತಾಯಿಯ ಹೆಸರು. ಮೈಸೂರಿನ ಚೆಲುವಾಂಬ ಆಸ್ಪತ್ರೆಗೂ ಈ ಮನೆಯ ಹೆಣ್ಣುಮಗಳ ಹೆಸರೇ. ಇವತ್ತು ಸುತ್ತಲ ತಾಲ್ಲೂಕುಗಳ ಎಷ್ಟೋ ಮಕ್ಕಳು ಹುಟ್ಟುವುದೇ ಈ ಹೆಸರುಗಳ ನೆರಳಲ್ಲಿ.

ಕಾನೂನಿಗೂ ಬಂದ ಮನೆಯ ಪಾಠ

ನಾಲ್ವಡಿಯವರ ಆಳ್ವಿಕೆಯ ಕೆಲಸಗಳನ್ನು ಎಲ್ಲ ಹೇಳುತ್ತಾ ಹೋದರೆ ಜಾಗ ಸಾಲದು. 1911ರಲ್ಲಿ ಕನ್ನಂಬಾಡಿ ಕಟ್ಟೆಯ ಕೆಲಸ ಶುರು, 1913ರಲ್ಲಿ ಪ್ರಾಥಮಿಕ ಶಿಕ್ಷಣ ಕಡ್ಡಾಯ ಮಾಡಲು ಕಾನೂನು, 1916ರಲ್ಲಿ ಮೈಸೂರು ವಿಶ್ವವಿದ್ಯಾಲಯ, 1918ರಲ್ಲಿ ಹಿಂದುಳಿದವರಿಗೆ ಸರ್ಕಾರಿ ಕೆಲಸದಲ್ಲಿ ಪಾಲು ಕೊಡಲು ಮಿಲ್ಲರ್ ಸಮಿತಿ. ಕಟ್ಟೆಗೆ ದುಡ್ಡು ಸಾಲದಾದಾಗ ಅರಮನೆ ಹೆಂಗಸರ ಒಡವೆ ಹೊರಗೆ ಬಂತು ಅನ್ನುವ ಕಥೆಯಂತೂ ಕಾವೇರಿ ಬಯಲಿನ ಮನೆಮನೆಯಲ್ಲಿದೆ.

ಇದೆಲ್ಲದರ ನಡುವೆ ಅಷ್ಟು ಸದ್ದು ಮಾಡದ ಒಂದು ಕಾನೂನು ಇದೆ. 1933ರ ಹಿಂದೂ ಮಹಿಳೆಯರ ಹಕ್ಕುಗಳ ಕಾಯ್ದೆ. ಅವಿಭಕ್ತ ಕುಟುಂಬದ ಆಸ್ತಿ ಪಾಲಾಗುವಾಗ ವಿಧವೆಗೆ, ತಾಯಿಗೆ, ಮದುವೆಯಾಗದ ಹೆಣ್ಣುಮಕ್ಕಳಿಗೆ ಪಾಲು ಕೊಡಬೇಕು ಅಂತ ಮೈಸೂರು ಸಂಸ್ಥಾನ ಅಂದೇ ಬರೆದಿಟ್ಟಿತು. ಇಡೀ ದೇಶಕ್ಕೆ ಹಿಂದೂ ಉತ್ತರಾಧಿಕಾರ ಕಾಯ್ದೆ ಬಂದಿದ್ದು 1956ರಲ್ಲಿ, ಅಂದರೆ 23 ವರ್ಷದ ನಂತರ.

ಅದಕ್ಕೂ ಹಿಂದೆ, 1894ರಲ್ಲಿ, ತೀರಿಕೊಳ್ಳುವ ವರ್ಷವೇ, ಚಾಮರಾಜೇಂದ್ರರ ಸರ್ಕಾರ ಎಂಟು ವರ್ಷದೊಳಗಿನ ಹೆಣ್ಣುಮಗುವಿನ ಮದುವೆ ನಿಷೇಧಿಸಿತ್ತು. 50 ದಾಟಿದ ಗಂಡಸು 14ರೊಳಗಿನ ಹುಡುಗಿಯನ್ನು ಮದುವೆಯಾಗುವ ಹಾಗಿಲ್ಲ ಅಂತಲೂ ಹೇಳಿತ್ತು. ಇವತ್ತಿನ ಲೆಕ್ಕದಲ್ಲಿ ಇದು ಬಹಳ ಕಡಿಮೆ ಅನಿಸಬಹುದು. ಮುದುಕನಿಗೆ ಮದುವೆಯಾಗಿ ಎಳವೆಯಲ್ಲೇ ವಿಧವೆಯಾಗುತ್ತಿದ್ದ ಹುಡುಗಿಯರ ಕಾಲದಲ್ಲಿ ಅದು ದೊಡ್ಡ ಹೆಜ್ಜೆ.

1933ರ ಕಾಯ್ದೆಗೆ ಹೋರಾಟ ಮಾಡಿದವರು, ವಾದ ಮಾಡಿದವರು ಹಲವರಿದ್ದರು. ಅದನ್ನು ಒಬ್ಬ ರಾಜನ ಮನಸ್ಸಿನ ಕೂಸು ಅನ್ನುವುದು ತಪ್ಪಾಗುತ್ತೆ. ಆದರೂ ವಿಧವೆ ತಾಯಿಯೊಬ್ಬಳು ರಾಜ್ಯ ಆಳಿದ್ದನ್ನು ಕಂಡು ಬೆಳೆದ ದೊರೆಯ ಕಾಲದಲ್ಲೇ ಅದು ಬಂತು ಅನ್ನುವುದನ್ನು ಮರೆಯುವ ಹಾಗಿಲ್ಲ. ಮರುವರ್ಷ, 1934ರ ಜುಲೈನಲ್ಲಿ ಆ ತಾಯಿ ತೀರಿಕೊಂಡರು.

ಮಕ್ಕಳಿಲ್ಲದ ಮನೆಯಲ್ಲಿ ಮಗ

1900ರ ಜೂನ್ 6ರಂದು, 16 ತುಂಬಿದ ಎರಡು ದಿನಕ್ಕೆ, ನಾಲ್ವಡಿಯವರ ಮದುವೆ ಕಾಠಿಯಾವಾಡದ ವಾಣಾ ಮನೆತನದ ಪ್ರತಾಪ ಕುಮಾರಿಯವರ ಜತೆ ಆಗಿತ್ತು. ಮಕ್ಕಳಾಗಲಿಲ್ಲ. ತಲಕಾಡಿನ ಅಲಮೇಲಮ್ಮನ ಶಾಪ ಅಂತ ಜನ ಮಾತಾಡಿಕೊಂಡರು, ಈಗಲೂ ಆಡಿಕೊಳ್ಳುತ್ತಾರೆ. ಮಕ್ಕಳಿಲ್ಲದ ದಂಪತಿ ಅಂದರೆ ಊರಿನ ಬಾಯಿಗೆ ಬೀಗ ಇಲ್ಲ, ಅದು ಮಹಾರಾಜರಾದರೂ ಅಷ್ಟೆ.

ಆದರೆ ಮನೆಯಲ್ಲಿ ಮಗು ಇತ್ತು. 1919ರ ಜುಲೈ 18ರಂದು ತಮ್ಮ ಯುವರಾಜರಿಗೆ ಗಂಡುಮಗು ಹುಟ್ಟಿತು. ಅದೇ ಜಯಚಾಮರಾಜ. ದೊಡ್ಡಪ್ಪನ ನೆರಳಲ್ಲಿ ಬೆಳೆದ ಆ ಹುಡುಗ ಮಹಾರಾಜ ಕಾಲೇಜಿನಲ್ಲಿ ಓದಿ 1938ರಲ್ಲಿ ಪದವಿ ಪಡೆದರು. ದೊಡ್ಡಪ್ಪನ ಹಾಗೆ ಸಂಗೀತದ ಹುಚ್ಚು ಅವರಿಗೂ ಹಿಡಿಯಿತು.

1940 ಆ ಮನೆಗೆ ಕೆಟ್ಟ ವರ್ಷ. ಮಾರ್ಚ್ 11ರಂದು ಯುವರಾಜ ನರಸಿಂಹರಾಜರು ಮುಂಬೈಯಲ್ಲಿ ತೀರಿಕೊಂಡರು. ಅಪ್ಪ ಸತ್ತಾಗ ಆರು ವರ್ಷದವರಾಗಿದ್ದ ಆ ತಮ್ಮ ಅಣ್ಣನಿಗಿಂತ ಮೊದಲೇ ಹೋದರು. ಐದು ತಿಂಗಳೂ ತುಂಬಲಿಲ್ಲ, ಆಗಸ್ಟ್ 3ರಂದು ಬೆಂಗಳೂರು ಅರಮನೆಯಲ್ಲಿ ನಾಲ್ವಡಿಯವರೂ ಕಣ್ಣುಮುಚ್ಚಿದರು. ವಯಸ್ಸು 56.

21 ವರ್ಷದ ಜಯಚಾಮರಾಜ ಒಡೆಯರ್ ಒಂದೇ ವರ್ಷದಲ್ಲಿ ತಂದೆ, ದೊಡ್ಡಪ್ಪ ಇಬ್ಬರನ್ನೂ ಕಳೆದುಕೊಂಡು ಸೆಪ್ಟೆಂಬರ್‌ನಲ್ಲಿ ಪಟ್ಟಕ್ಕೆ ಬಂದರು. ಮತ್ತೆ ಅದೇ ಕಥೆ. ಆದರೆ ಈ ಸಲ ಹುಡುಗ ಓದು ಮುಗಿಸಿದ್ದರು. ದಿವಾನರ ಕುರ್ಚಿಯಲ್ಲಿ ದೊಡ್ಡಪ್ಪನ ಬಾಲ್ಯದ ಗೆಳೆಯ ಮಿರ್ಜಾ ಇಸ್ಮಾಯಿಲ್ ಇನ್ನೂ ಇದ್ದರು.

ಇದರಲ್ಲಿ ಯಾವುದಕ್ಕೆ ದುಡ್ಡು ಬೇಕು?

ಅರಮನೆ ಕಥೆ ಅರಮನೆಗೇ ಸರಿ, ಬಡವರ ಮನೆಗೆ ಎಲ್ಲಿಂದ ಬರಬೇಕು ಫ್ರೇಸರ್ ಸಾಹೇಬ್ರು, ಲೋಕರಂಜನ ಮಹಲು ಅಂತ ಕೇಳಬಹುದು. ಕೇಳಬೇಕಾದ್ದೇ. ಆದರೆ ಆ ಹುಡುಗನನ್ನು ಕಾಪಾಡಿದ್ದು ಏನೇನು ಅಂತ ಎಣಿಸಿ ನೋಡಿ. ಗಂಡ ಸತ್ತ ತಾಯಿಯ ಮಾತಿಗೆ ಮನೆಯಲ್ಲಿ ಬೆಲೆ ಇತ್ತು. ಒಡಹುಟ್ಟಿದವರನ್ನು ಬೇರೆ ಬೇರೆ ಮಾಡಲಿಲ್ಲ. ಪಾಠ ನಿಲ್ಲಲಿಲ್ಲ. ಜತೆಗೆ ಗೆಳೆಯರಿದ್ದರು. ಸೋದರಮಾವ ಕೈಬಿಡಲಿಲ್ಲ. ದೊಡ್ಡವರ ಜವಾಬ್ದಾರಿ ಹೊರಲು 18 ತುಂಬುವ ತನಕ ಅವನನ್ನು ಕಾಯಲಾಯಿತು. ಪಟ್ಟ 10ಕ್ಕೇ ಬಂದರೂ ರಾಜ್ಯದ ಭಾರ ಆ ಹೆಗಲ ಮೇಲೆ ಬೀಳಲಿಲ್ಲ.

ಇವುಗಳಲ್ಲಿ ದುಡ್ಡಿಗೆ ಸಿಗುವುದು ಯಾವುದು? ತಾಲ್ಲೂಕಿನ ಯಾವುದೋ ಬೀದಿಯಲ್ಲಿ ಯಜಮಾನ ತೀರಿಕೊಂಡ ಅಂಗಡಿಯ ಬಾಗಿಲು ತೆಗೆಯುವಾಗ ಮಗನನ್ನು ಶಾಲೆ ಬಿಡಿಸದೆ ತಾಯಿ ತಾನೇ ಗಲ್ಲಾ ಮೇಲೆ ಕೂತರೆ, ಪಕ್ಕದ ಅಂಗಡಿಯವರು ಆಕೆಗೆ ಲೆಕ್ಕ ಪತ್ರ, ಸರಕು, ಸಾಲದವರ ವಿಷಯ ಹೇಳಿಕೊಟ್ಟರೆ, ಅದೇ ರೀಜೆನ್ಸಿ. ಮಗನ ಸರದಿ ಬರುವಾಗ ಬರಲಿ. ಅಷ್ಟರವರೆಗೆ ಅವನು ಹುಡುಗನಾಗಿಯೇ ಇರಲಿ.